ಕಾವೇರಿಯ ಬಿಳಿಮೀನು ಈಗಲೂ ಇದೆಯಾ? ನಾನು ನೋಡಿದ್ದು ಅದೇನಾ?

ಮುತ್ತತ್ತಿ ಮೊಮ್ಮಗ:
ಎಲ್ಲರಿಗೂ ನಮಸ್ಕಾರ. ಒಂದು ಅನುಮಾನ ಹದಿನೈದು ದಿನದಿಂದ ತಲೆ ತಿನ್ನುತ್ತಿದೆ. ನನ್ನ ಅಮ್ಮನ ತವರು ಮುತ್ತತ್ತಿ ಹತ್ತಿರದ ಒಂದು ಹಳ್ಳಿ. ತೊಂಬತ್ತರ ದಶಕದ ಶುರುವಿನಲ್ಲಿ, ನಾನು ಇನ್ನೂ ಪ್ರೈಮರಿ ಶಾಲೆಯಲ್ಲಿದ್ದಾಗ, ತಾತ ನನ್ನನ್ನು ಹೊಳೆಗೆ ಕರೆದುಕೊಂಡು ಹೋಗುತ್ತಿದ್ದರು. ಬೇಸಿಗೆಯಲ್ಲಿ ನೀರು ತಿಳಿಯಾಗಿರುತ್ತಿತ್ತು. ಬಂಡೆ ಮೇಲೆ ಬೋರಲು ಮಲಗಿ ಮಡುವಿನೊಳಗೆ ನೋಡುತ್ತಿದ್ದೆವು. ಒಂದು ದಿನ ನನ್ನಷ್ಟೇ ಉದ್ದದ ಮೀನೊಂದು ಕೆಳಗಿನಿಂದ ನಿಧಾನಕ್ಕೆ ಎದ್ದು ಬಂತು. ಕುತ್ತಿಗೆಯ ಹಿಂದೆ ಬೆನ್ನು ಗೂನಾಗಿ ಎದ್ದಿತ್ತು. ಬಾಲ ಕೆಂಡದ ಬಣ್ಣ. ತಾತ ನನ್ನ ಬಾಯಿ ಮುಚ್ಚಿ "ಬಿಳಿಮೀನು ಕಣೋ, ಅಲುಗಾಡಬೇಡ" ಅಂದರು.

ಹೋದ ತಿಂಗಳು ಮಗಳನ್ನು ಕರೆದುಕೊಂಡು ಅದೇ ಜಾಗಕ್ಕೆ ಹೋಗಿದ್ದೆ. ಮೀನುಗಳು ಇದ್ದವು, ಇಲ್ಲ ಅನ್ನುವುದಿಲ್ಲ. ಆದರೆ ಎಲ್ಲವೂ ಸಣ್ಣವು, ಮೈ ಉದ್ದಕ್ಕಿದೆ, ರೆಕ್ಕೆ ನೀಲಿ ಬೂದು ಬಣ್ಣ. ಅಲ್ಲಿದ್ದ ಒಬ್ಬರು "ಇವೇ ಮಹಶೀರ್, ಈಗ ಜಾಸ್ತಿ ಆಗಿವೆ" ಅಂದರು. ನನಗೆ ಒಪ್ಪಿಗೆ ಆಗಲಿಲ್ಲ. ನಾನು ಚಿಕ್ಕವನಿದ್ದಾಗ ನೋಡಿದ್ದು ಬೇರೆ ಮೀನಾ, ಅಥವಾ ನೆನಪು ಮೋಸ ಮಾಡುತ್ತಿದೆಯಾ?

ಗಾಳಗಾರ:
ನೆನಪು ಸರಿಯಾಗಿದೆ ಸಾರ್. ಅವು ಎರಡು ಬೇರೆ ಮೀನು.

ಕಲ್ಲುಹೊಳೆ:
ನನಗೇನೋ ಒಂದೇ ಮೀನು ಅನ್ನಿಸುತ್ತದೆ. ಎಲ್ಲ ಮೀನಿಗೂ ವಯಸ್ಸಾದ ಮೇಲೆ ಬೆನ್ನು ದಪ್ಪ ಆಗುತ್ತದೆ, ಅದರಲ್ಲೂ ಮೊಟ್ಟೆ ತುಂಬಿದ್ದರೆ ಇನ್ನೂ ದಪ್ಪ ಕಾಣುತ್ತದೆ. ಬಣ್ಣವಂತೂ ನಂಬುವ ಹಾಗೇ ಇಲ್ಲ. ಕೆಂಪು ನೀರಲ್ಲಿ ಒಂದು ಬಣ್ಣ, ತಿಳಿನೀರಲ್ಲಿ ಇನ್ನೊಂದು ಬಣ್ಣ. ಚಿಕ್ಕ ಹುಡುಗನ ಕಣ್ಣಿಗೆ ದೊಡ್ಡದಾಗಿ ಕಂಡಿರಬಹುದು ಅಷ್ಟೇ.

ಮೇಷ್ಟ್ರು:
ಕಲ್ಲುಹೊಳೆ ಅವರು ಬಣ್ಣದ ಬಗ್ಗೆ ಹೇಳಿದ್ದು ನಿಜ. ಬರೀ ಬಣ್ಣ ನೋಡಿ ಮಹಶೀರ್ ಗುರುತಿಸಲು ಹೋದವರು ನೂರೈವತ್ತು ವರ್ಷದಿಂದ ಎಡವುತ್ತಲೇ ಇದ್ದಾರೆ. ಆದರೆ ಗೂನಿನ ವಿಷಯ ಹಾಗಲ್ಲ. ಮೊಟ್ಟೆ ತುಂಬಿದರೆ ಹೊಟ್ಟೆ ದಪ್ಪ ಆಗುತ್ತದೆ, ಬೆನ್ನಲ್ಲ. ಕಾವೇರಿಯ ಈ ಮೀನಿಗೆ ತಲೆ ಮುಗಿಯುವ ಮೊದಲೇ, ಕಿವಿರಿನ ಮುಚ್ಚಳದ ಮೇಲ್ಭಾಗದಲ್ಲೇ ಬೆನ್ನು ಏರಲು ಶುರುವಾಗುತ್ತದೆ. ಪಕ್ಕದಿಂದ ನೋಡಿದರೆ ಎತ್ತಿನ ಹಿಣಿಲಿನ ಹಾಗೆ. ನೀಲಿ ರೆಕ್ಕೆಯದಕ್ಕೆ ಎಷ್ಟೇ ವಯಸ್ಸಾದರೂ ಹಾಗೆ ಬರುವುದಿಲ್ಲ.

ಎರಡೂ ಮಹಶೀರ್ ಎಂಬ ದೊಡ್ಡ ಹೊಳೆಮೀನಿನ ಕುಲದವೇ. ಗೂನು ಬೆನ್ನಿನದು, ಅಂದರೆ ನಿಮ್ಮ ತಾತನ ಬಿಳಿಮೀನು, ವಿಜ್ಞಾನದ ಹೆಸರಲ್ಲಿ ಟೋರ್ ರೆಮಾದೇವಿ. ನೀಲಿ ರೆಕ್ಕೆಯದು ಟೋರ್ ಖುದ್ರಿ. ಮೊದಲನೆಯದು ಕಾವೇರಿ ಮತ್ತು ಅದರ ಉಪನದಿಗಳನ್ನು ಬಿಟ್ಟು ಪ್ರಪಂಚದಲ್ಲಿ ಇನ್ನೆಲ್ಲೂ ಇಲ್ಲ. ಎರಡನೆಯದನ್ನು ಸೈಕ್ಸ್ ಎಂಬ ಇಂಗ್ಲಿಷ್ ಅಧಿಕಾರಿ 1839ರಲ್ಲಿ ಪುಣೆ ಹತ್ತಿರದ ಮುಳಾ ಮುಠಾ ನದಿಯ ಮೀನು ನೋಡಿ ಹೆಸರಿಸಿದ್ದು. ಆ ನದಿ ಕೃಷ್ಣೆಗೆ ಸೇರುತ್ತದೆ, ಕಾವೇರಿಗಲ್ಲ.

ಸಣ್ಣಪ್ರಶ್ನೆ:
ಕೃಷ್ಣೆಯ ಮೀನು ಕಾವೇರಿಗೆ ಹೇಗೆ ಬಂತು ಮೇಷ್ಟ್ರೇ? ಎರಡೂ ಎಲ್ಲೂ ಸೇರುವುದಿಲ್ಲ ಅಲ್ವಾ?

ಗಾಳಗಾರ:
ನಾವೇ ತಂದು ಬಿಟ್ಟಿದ್ದು. ಅದೇ ಬೇಜಾರಿನ ಸಂಗತಿ.

1970ರ ದಶಕದಲ್ಲಿ ಮಹಾರಾಷ್ಟ್ರದ ಲೋನಾವಳದಲ್ಲಿ ಮಹಶೀರ್ ಮೊಟ್ಟೆ ಒಡೆಸಿ ಮರಿ ಮಾಡುವ ಕೆಲಸ ಶುರುವಾಯಿತು. ಕಾವೇರಿಯಲ್ಲಿ ಮಹಶೀರ್ ಕಡಿಮೆ ಆಗಿದೆ, ಮರಿ ಬಿಟ್ಟರೆ ಹೆಚ್ಚುತ್ತದೆ ಅಂತ ಒಳ್ಳೆ ಮನಸ್ಸಿನಿಂದಲೇ ಅಲ್ಲಿಯ ಮರಿ ತಂದು ಬಿಟ್ಟರು. ಆಗ ಎಲ್ಲರಿಗೂ ಮಹಶೀರ್ ಅಂದರೆ ಮಹಶೀರ್, ಅಷ್ಟೇ. ಒಳಗೆ ಇಷ್ಟು ಬಗೆ ಇವೆ ಅಂತ ಯಾರೂ ತಲೆ ಕೆಡಿಸಿಕೊಳ್ಳಲಿಲ್ಲ. ನಾನು ತೊಂಬತ್ತರ ದಶಕದ ಕೊನೆಯಲ್ಲಿ ಕಾವೇರಿ ದಡದ ಗಾಲಿಬೋರೆ ಶಿಬಿರದಲ್ಲಿ ಗಾಳ ಹಾಕಲು ಹೋಗುತ್ತಿದ್ದೆ. ಹಿಡಿದು, ತೂಕ ನೋಡಿ, ವಾಪಸ್ ಬಿಡುವ ಪದ್ಧತಿ. ಮೊದಲೆಲ್ಲ ದಿನವಿಡೀ ಕೂತರೆ ಒಂದು ಸಿಗುತ್ತಿತ್ತು, ಆದರೆ ಆ ಒಂದು ಕೈ ನಡುಗಿಸುತ್ತಿತ್ತು. ಆಮೇಲಾಮೇಲೆ ದಿನಕ್ಕೆ ನಾಲ್ಕೈದು ಸಿಗಲು ಶುರುವಾಯಿತು, ಎಲ್ಲವೂ ಒಂದೆರಡು ಕೆಜಿಯವು, ನೀಲಿ ರೆಕ್ಕೆಯವು. ನಾವು ಖುಷಿ ಪಟ್ಟೆವು. ಹೊಳೆ ಸುಧಾರಿಸಿತು ಅಂದುಕೊಂಡೆವು.

ಮೇಷ್ಟ್ರು:
ಗಾಳಗಾರರು ಹೇಳುತ್ತಿರುವುದಕ್ಕೆ ಲೆಕ್ಕವೇ ಇದೆ. ಅದೇ ಗಾಲಿಬೋರೆಯಲ್ಲಿ 1998ರಿಂದ 2012ರವರೆಗೆ ಗಾಳದವರು ಬರೆದಿಟ್ಟ ಪುಸ್ತಕಗಳನ್ನು ತೆಗೆದು ವಿಜ್ಞಾನಿಗಳು 2015ರಲ್ಲಿ ಒಂದು ಲೇಖನ ಪ್ರಕಟಿಸಿದರು. ಸಿಕ್ಕ ಮೀನಿನ ಸಂಖ್ಯೆ ವರ್ಷದಿಂದ ವರ್ಷಕ್ಕೆ ಏರಿದೆ. ಸರಾಸರಿ ತೂಕ ಇಳಿದಿದೆ. ಏರಿದ್ದು ಪೂರ್ತಿ ನೀಲಿ ರೆಕ್ಕೆಯದು. ಗೂನು ಬೆನ್ನಿನದು ಅಪರೂಪಕ್ಕೆ ಸಿಕ್ಕಿದೆ, ಸಿಕ್ಕವೂ ದೊಡ್ಡ ವಯಸ್ಸಿನವೇ. ಮರಿಗಳು ಬರುತ್ತಿಲ್ಲ ಅಂತ ಅದರ ಅರ್ಥ. ಮನೆಯಲ್ಲಿ ಬರೀ ಅಜ್ಜ ಅಜ್ಜಿಯರು ಉಳಿದು ಮಕ್ಕಳ ಸದ್ದೇ ಇಲ್ಲದ ಹಾಗೆ.

ತುಂಗೆಯ ಮಗಳು:
ಅಯ್ಯೋ, ಹಾಗಾದರೆ ನಮ್ಮ ಶೃಂಗೇರಿಯ ಮೀನು ಯಾವುದು? ತುಂಗೆಯಲ್ಲಿ ಕೈಗೆ ಮುಟ್ಟುವಷ್ಟು ಹತ್ತಿರ ಬರುತ್ತವಲ್ಲ, ಮಠದ ಮುಂದೆ, ಅವೂ ಹೊರಗಿನಿಂದ ಬಂದವಾ?

ಮೇಷ್ಟ್ರು:
ಇಲ್ಲ ಮೇಡಂ. ತುಂಗೆ ಹೋಗಿ ತುಂಗಭದ್ರೆಯಾಗಿ ಕೃಷ್ಣೆಗೆ ಸೇರುತ್ತದೆ. ಅಲ್ಲಿ ಖುದ್ರಿ ಮನೆಮಗ. ಕಾವೇರಿಯಲ್ಲಿ ಅದೇ ಮೀನು ಹೊರಗಿನದು. ಮೀನು ಒಳ್ಳೆಯದೋ ಕೆಟ್ಟದೋ ಅನ್ನುವ ಪ್ರಶ್ನೆಯೇ ಇಲ್ಲ, ಯಾವ ಹೊಳೆಯಲ್ಲಿದೆ ಅನ್ನುವುದೇ ಪ್ರಶ್ನೆ.

ಬೆಳ್ತಂಗಡಿಯವ:
ನಮ್ಮ ಶಿಶಿಲದ ಮತ್ಸ್ಯತೀರ್ಥದ ಬಗ್ಗೆಯೂ ಒಂದು ಮಾತು. ಕಪಿಲಾ ಹೊಳೆ, ಶಿಶಿಲೇಶ್ವರ ದೇವಸ್ಥಾನದ ಎದುರು. ಅಲ್ಲಿಯ ಮೀನನ್ನು ಯಾರೂ ಹಿಡಿಯುವುದಿಲ್ಲ, ಅವು ದೇವರ ಮೀನು. 1996ರಲ್ಲಿ ಯಾರೋ ದುಷ್ಟರು ನೀರಿಗೆ ವಿಷ ಹಾಕಿ ಸಾವಿರಾರು ಮೀನು ಸತ್ತು ತೇಲಿದವು. ಊರಿಗೆ ಊರೇ ಅತ್ತಿತು. ಸತ್ತ ಮೀನುಗಳ ನೆನಪಿಗೆ ಅಲ್ಲಿ ಸ್ಮಾರಕ ಕಟ್ಟಿದ್ದಾರೆ. ಮೀನಿಗೆ ಸ್ಮಾರಕ ಕಟ್ಟಿದ ಊರು ನಮ್ಮದು. ಆಮೇಲೆ ಮೀನು ಮತ್ತೆ ತುಂಬಿಕೊಂಡವು, ಏಕೆಂದರೆ ಮೇಲಿನ ಹೊಳೆ ಚೆನ್ನಾಗಿತ್ತು, ಅಲ್ಲಿಂದ ಇಳಿದು ಬಂದವು.

ಕಲ್ಲುಹೊಳೆ:
ಶಿಶಿಲದ ಹೊಳೆ ಪಶ್ಚಿಮಕ್ಕೆ ಹರಿದು ನೇತ್ರಾವತಿ ಸೇರುವುದು. ಅದಕ್ಕೂ ಕಾವೇರಿಗೂ ಸಂಬಂಧ ಇಲ್ಲ. ಚರ್ಚೆ ಎಲ್ಲಿಗೋ ಹೋಗುತ್ತಿದೆ.

ಬೆಳ್ತಂಗಡಿಯವ:
ಸಂಬಂಧ ಇದೆ ಮಾರಾಯ್ರೆ. ಜನ ಮನಸ್ಸು ಮಾಡಿದರೆ ಒಂದು ಮಡು ಮೀನನ್ನು ಉಳಿಸಬಹುದು ಅಂತ ಹೇಳಲು ಬಂದೆ. ಕಾವೇರಿಯಲ್ಲೂ ಅಂಥ ಜಾಗ ಇಲ್ಲವಾ?

ಅರಕಲಗೂಡು ಅಕ್ಕ:
ಇದೆ. ರಾಮನಾಥಪುರ. ರಾಮೇಶ್ವರ ದೇವಸ್ಥಾನದ ಹಿಂದೆ ಕಾವೇರಿಯ ಸೋಪಾನದಲ್ಲಿ ನಿಂತು ಒಂದು ಹಿಡಿ ಪುರಿ ಎಸೆದರೆ ನೀರು ಕುದಿದ ಹಾಗೆ ಆಗುತ್ತದೆ. ನಾವು ಚಿಕ್ಕವರಿದ್ದಾಗ ಗೌರಿ ಹಬ್ಬದ ಬಾಗಿನ ಬಿಡಲು ಹೋದಾಗಲೆಲ್ಲ ಮೀನಿಗೆ ಪುರಿ ಹಾಕುವುದೇ ದೊಡ್ಡ ಸಂಭ್ರಮ. ಅಲ್ಲಿ ಹಿಡಿಯುವ ಹಾಗಿಲ್ಲ. ಒಮ್ಮೆ ಯಾರೋ ರಾತ್ರಿ ಬಲೆ ಹಾಕಿದ್ದಕ್ಕೆ ನಮ್ಮ ದೊಡ್ಡಪ್ಪ, ಚಿಕ್ಕಪ್ಪ ಎಲ್ಲ ದೊಣ್ಣೆ ಹಿಡಿದು ಓಡಿದ್ದು ನನಗೆ ಚೆನ್ನಾಗಿ ನೆನಪಿದೆ.

ಆದರೆ ಕೆಂಪು ಬಾಲದ, ಗೂನು ಬೆನ್ನಿನ ಮೀನು ನಾನು ಅಲ್ಲಿ ನೋಡಿದ ನೆನಪಿಲ್ಲ. ಈಗ ಇದನ್ನೆಲ್ಲ ಓದಿದ ಮೇಲೆ ಮತ್ತೆ ಹೋಗಿ ನೋಡಬೇಕು ಅನ್ನಿಸುತ್ತಿದೆ.

ನೀರುನಾಯಿ:
ಪುರಿ, ಬ್ರೆಡ್ಡು ಹಾಕಬೇಡಿ ದಯವಿಟ್ಟು. ಈ ಮೀನಿನ ನಿಜವಾದ ಊಟ ಏನು ಗೊತ್ತಾ? ಏಡಿ, ಬಸವನಹುಳು, ಹುಳ ಹುಪ್ಪಟೆ, ಸಣ್ಣ ಮೀನು, ಪಾಚಿ, ದಡದ ಮರದಿಂದ ಉದುರುವ ಅತ್ತಿ ಹಣ್ಣು. ಬಾಯಲ್ಲಿ ಹಲ್ಲಿಲ್ಲ. ಹಲ್ಲು ಇರುವುದು ಗಂಟಲಲ್ಲಿ. ದಪ್ಪ ತುಟಿ ಮುಂದಕ್ಕೆ ಚಾಚಿ ಕಲ್ಲಿನ ಸಂದಿಯ ಏಡಿಯನ್ನು ಎಳೆದುಕೊಂಡು ಗಂಟಲಲ್ಲಿ ಚಿಪ್ಪು ಸಮೇತ ಪುಡಿ ಮಾಡುತ್ತದೆ. ನಾಲ್ಕು ಮೀಸೆ ಇವೆ, ಕಲಕು ನೀರಿನಲ್ಲಿ ತಡಕಲು. ನಾನು ಕಾವೇರಿ ದಡದಲ್ಲಿ ನೀರುನಾಯಿಗಳನ್ನು ನೋಡುತ್ತಾ ಬಹಳ ದಿನ ಕಳೆದಿದ್ದೇನೆ. ಅತ್ತಿ ಮರದಲ್ಲಿ ಮಂಗಗಳು ಗಲಾಟೆ ಎಬ್ಬಿಸಿ ಹಣ್ಣು ಉದುರಿಸುವಾಗ ಕೆಳಗೆ ನೀರಿನಲ್ಲಿ "ಗುಳುಂ" ಅಂತ ಒಂದು ಸದ್ದು ಬರುತ್ತದೆ. ಅದನ್ನು ಒಮ್ಮೆ ಕೇಳಿದವರು ಮರೆಯುವುದಿಲ್ಲ. ಮಂಗ ಉದುರಿಸುತ್ತದೆ, ಮೀನು ತಿನ್ನುತ್ತದೆ. ದಡದ ಮರ ಕಡಿದರೆ ಮೀನಿನ ತಟ್ಟೆಗೇ ಕೈ ಹಾಕಿದ ಹಾಗೆ.

ಹರಿಗೋಲು:
ಅತ್ತಿಹಣ್ಣು ಸರಿ, ಆದರೆ ನಮ್ಮ ಕಡೆ ಅದಕ್ಕೆ ರಾಗಿ ಮುದ್ದೆ ಅಂದರೆ ಪ್ರಾಣ. ನಮ್ಮಪ್ಪ ಹರಿಗೋಲು ಹಾಕುತ್ತಿದ್ದರು, ಗಾಳದ ದೊರೆಗಳನ್ನು ಕೂರಿಸಿಕೊಂಡು ಹೋಗುತ್ತಿದ್ದರು. ರಾಗಿ ಹಿಟ್ಟು ಗಟ್ಟಿಯಾಗಿ ಬೇಯಿಸಿ, ನಾದಿ, ನಿಂಬೆಹಣ್ಣಿನಷ್ಟು ಉಂಡೆ ಮಾಡಿ ಗಾಳಕ್ಕೆ ಸಿಕ್ಕಿಸುವುದು. ಮೀನು ಕಚ್ಚಿದ ಮೇಲೆ ಕಲ್ಲುಗಳ ಮಧ್ಯೆ ನುಗ್ಗಿ ಹೊಳೆ ಕೆಳಕ್ಕೆ ಓಡುತ್ತಿತ್ತು. ಹರಿಗೋಲಿನಲ್ಲಿ ಅದರ ಹಿಂದೆ ಅರ್ಧ ಗಂಟೆ, ಮುಕ್ಕಾಲು ಗಂಟೆ. ಅಪ್ಪ ಹೇಳುತ್ತಿದ್ದರು, ಬಿಳಿಮೀನು ಎಳೆದರೆ ಹೊಳೆಯೇ ಎಳೆದ ಹಾಗೆ, ಬೇರೆ ಮೀನು ಎಳೆದರೆ ಮೀನು ಎಳೆದ ಹಾಗೆ ಅಂತ.

2012ರ ಸುಮಾರಿಗೆ ಗಾಳ ನಿಲ್ಲಿಸಿದರು. ಅಭಯಾರಣ್ಯದಲ್ಲಿ ಮೀನು ಹಿಡಿಯುವುದು ಬೇಟೆಗೆ ಸಮ ಅಂದರು. ಅಪ್ಪನ ಕೆಲಸ ಹೋಯಿತು. ಅದು ಬಿಡಿ. ಅಲ್ಲಿಯವರೆಗೆ ಗಾಳದ ಶಿಬಿರದವರು ರಾತ್ರಿ ಹೊಳೆ ಕಾಯುತ್ತಿದ್ದರು. ಮೊದಲು ಬಲೆ ಹಾಕುತ್ತಿದ್ದ, ಸಿಡಿಮದ್ದಿನ ತೋಟೆ ಎಸೆಯುತ್ತಿದ್ದ ಹುಡುಗರೇ ಸಂಬಳಕ್ಕೆ ಕಾವಲುಗಾರರಾಗಿದ್ದರು. ಶಿಬಿರ ಮುಚ್ಚಿದ ಮೇಲೆ ಕಾವಲೂ ಹೋಯಿತು. ಮತ್ತೆ ರಾತ್ರಿ ಹೊತ್ತು "ಢಂ" ಕೇಳಿಸತೊಡಗಿತು.

ಹಳೆಕಡತ:
ಇದನ್ನು ಒಪ್ಪಲಾರೆ. ಗಾಳ ಹಾಕುವುದು ಮೀನಿಗೆ ಹಿಂಸೆ ಅಲ್ವಾ? ತುಟಿಗೆ ಕೊಕ್ಕೆ ಚುಚ್ಚಿ, ಮುಕ್ಕಾಲು ಗಂಟೆ ಎಳೆದಾಡಿ, ಫೋಟೋ ತೆಗೆಸಿಕೊಂಡು, ಆಮೇಲೆ "ನಾವು ಮೀನು ಉಳಿಸುತ್ತಿದ್ದೇವೆ" ಅಂದರೆ? ಕಾನೂನು ಸರಿಯಾಗೇ ಇದೆ. ಕಾಯುವ ಕೆಲಸ ಸರ್ಕಾರದ್ದು. ಆಟ ಆಡುವವರು ಬಂದು ಕಾಯಲಿ ಅಂದರೆ ಹೇಗೆ?

ಗಾಳಗಾರ:
ಹಿಂಸೆ ಅಂದರೆ ಹಿಂಸೆ, ಒಪ್ಪುತ್ತೇನೆ. ಆದರೆ ತೋಟೆ ಸಿಡಿದರೆ ದೊಡ್ಡ ಮೀನು ಮರಿಮೀನು ಅಂತ ಭೇದ ಇಲ್ಲ, ಇಡೀ ಮಡು ಸಾಯುತ್ತದೆ. ಹತ್ತರಲ್ಲಿ ಎರಡು ತೇಲುತ್ತವೆ, ಉಳಿದವು ತಳಕ್ಕೆ ಹೋಗಿ ಕೊಳೆಯುತ್ತವೆ. ನಾನು ಬಿಟ್ಟ ಮೀನು ಮರುವರ್ಷ ಮತ್ತೆ ಸಿಕ್ಕಿದ್ದಿದೆ, ತುಟಿಯ ಗಾಯದ ಗುರುತಿನಿಂದ ಗೊತ್ತಾಗುತ್ತಿತ್ತು.

ಹಳೆಕಡತ:
ಹಾಗಾದರೆ ಗಾಳ ಇಲ್ಲದೆ ಕಾವಲು ಇರಲಿ. ಆ ಹುಡುಗರಿಗೆ ಸಂಬಳ ಕೊಟ್ಟು ಇಟ್ಟುಕೊಳ್ಳಲಿ. ಅದಕ್ಕೆ ಯಾಕೆ ಗಾಳದ ನೆಪ ಬೇಕು?

ಹರಿಗೋಲು:
ಅದನ್ನೇ ನಾವೂ ಕೇಳುತ್ತಿರುವುದು ಸಾರ್. ಹೊಳೆ ಗೊತ್ತಿರುವವರು ದಡದಲ್ಲೇ ಇದ್ದಾರೆ. ಯಾವ ಮಡುವಿನಲ್ಲಿ ಎಷ್ಟು ಆಳ, ಯಾವ ಕಲ್ಲಿನ ಹಿಂದೆ ಮೀನು ನಿಲ್ಲುತ್ತದೆ ಅಂತ ಕಣ್ಣು ಮುಚ್ಚಿ ಹೇಳುತ್ತಾರೆ.

ಸಣ್ಣಪ್ರಶ್ನೆ:
ಎಷ್ಟು ದೊಡ್ಡದಾಗುತ್ತಿತ್ತು ನಿಜವಾಗಲೂ? ನೂರು ಕೆಜಿ ಅಂತೆಲ್ಲ ಕೇಳಿದ್ದೇನೆ.

ಹಳೆಕಡತ:
ನೂರು ಕೆಜಿ ಇಲ್ಲ. ದಾಖಲೆಯಲ್ಲಿರುವ ದೊಡ್ಡ ಮೀನು 120 ಪೌಂಡ್, ಅಂದರೆ ಸುಮಾರು 54 ಕೆಜಿ. 1946ರಲ್ಲಿ ಕಬಿನಿಯಲ್ಲಿ ಸಿಕ್ಕಿದ್ದು. ಹಿಡಿದವರು ಮೈಸೂರಿನ ವ್ಯಾನ್ ಇಂಗೆನ್ ಮನೆತನದವರು, ಹುಲಿ ಚಿರತೆಗಳ ಚರ್ಮ ಹದ ಮಾಡಿ ಜೀವ ಇದ್ದ ಹಾಗೆ ನಿಲ್ಲಿಸುತ್ತಿದ್ದರಲ್ಲ, ಅವರೇ. ಆಮೇಲೆ 1974ರಲ್ಲಿ ಕಬಿನಿಗೆ ಅಣೆಕಟ್ಟು ಬಂತು. ಆ ಮಡುಗಳೆಲ್ಲ ಹಿನ್ನೀರಿನಲ್ಲಿ ಮುಳುಗಿದವು.

ಇನ್ನೂ ಹಳೆಯದು ಬೇಕಾದರೆ, ಕಲ್ಯಾಣದ ಚಾಲುಕ್ಯ ದೊರೆ ಮೂರನೇ ಸೋಮೇಶ್ವರ 12ನೇ ಶತಮಾನದಲ್ಲಿ ಮಾಡಿಸಿದ ಮಾನಸೋಲ್ಲಾಸದಲ್ಲಿ ಗಾಳ ಹಾಕಿ ಮೀನು ಹಿಡಿಯುವ ವಿನೋದಕ್ಕೇ ಒಂದು ಭಾಗ ಇದೆ. ಯಾವ ಮೀನಿಗೆ ಯಾವ ಆಹಾರ ಹಾಕಿ ಪಳಗಿಸಬೇಕು ಅಂತೆಲ್ಲ ಬರೆದಿದ್ದಾರೆ. ಗಾಳ ಬೇಡ ಅಂತ ವಾದ ಮಾಡುತ್ತಲೇ ಇದನ್ನು ಹೇಳುತ್ತಿದ್ದೇನೆ, ಇದ್ದದ್ದು ಇದ್ದ ಹಾಗೆ ಹೇಳಬೇಕಲ್ಲ.

ಕಲ್ಲುಹೊಳೆ:
ಸರಿ, ಎರಡು ಬೇರೆ ಮೀನು ಅಂತಲೇ ಇಟ್ಟುಕೊಳ್ಳೋಣ. ಹಾಗಿದ್ದರೆ ಇಷ್ಟು ಪ್ರಸಿದ್ಧ ಮೀನಿಗೆ ಮೊದಲೇ ಯಾಕೆ ಹೆಸರಿಡಲಿಲ್ಲ? ಬ್ರಿಟಿಷರ ಕಾಲದಿಂದ ಹಿಡಿಯುತ್ತಿದ್ದಾರಲ್ಲ. ಇದ್ದಕ್ಕಿದ್ದ ಹಾಗೆ ಹೊಸ ಹೆಸರು ಎಲ್ಲಿಂದ ಬಂತು?

ಮೇಷ್ಟ್ರು:
ಒಳ್ಳೆಯ ಪ್ರಶ್ನೆ ಕೇಳಿದಿರಿ. ಇದು ಸ್ವಲ್ಪ ಉದ್ದದ ಕಥೆ, ತಾಳ್ಮೆ ಇರಲಿ.

ಗಾಳದವರು ಈ ಮೀನನ್ನು ನೂರಾರು ಸಲ ಹಿಡಿದರು, ಫೋಟೋ ತೆಗೆಸಿಕೊಂಡರು, ತಲೆ ಒಣಗಿಸಿ ಗೋಡೆಗೆ ಹಾಕಿದರು. ಆದರೆ ವಿಜ್ಞಾನದ ಪ್ರಕಾರ ಹೆಸರಿಡಬೇಕಾದರೆ ಮಾದರಿ ಮೀನನ್ನು ಸಂಗ್ರಹಾಲಯದಲ್ಲಿ ಇಟ್ಟು, ಅಳತೆ ತೆಗೆದು, ವಿವರಣೆ ಬರೆಯಬೇಕು. ಗಂಡಾಳಿನ ಎದೆಯೆತ್ತರದ ಮೀನನ್ನು ಯಾರು ಜಾಡಿಯಲ್ಲಿ ಇಡುತ್ತಾರೆ? ಹಾಗಾಗಿ ಸೈಕ್ಸ್ ವಿವರಿಸಿದ್ದ ಮುಸುಲ್ಲಾ ಎಂಬ ಹೆಸರನ್ನು ಇದಕ್ಕೆ ಅಂಟಿಸಿ ಬಹಳ ಕಾಲ ಕೆಲಸ ಸಾಗಿಸಿದರು. ಕೊನೆಗೆ ನೋಡಿದರೆ ಆ ಹೆಸರಿನ ಮೀನು ಮಹಶೀರ್ ಕುಲದ್ದೇ ಅಲ್ಲ, ಬೇರೆ ಕುಲದ್ದು. ನಮ್ಮ ಮೀನು ಮತ್ತೆ ಹೆಸರಿಲ್ಲದೆ ಉಳಿಯಿತು. ಹೆಸರಿಲ್ಲದ ಜೀವಿಯನ್ನು ಅಳಿವಿನ ಅಂಚಿನ ಪಟ್ಟಿಗೆ ಸೇರಿಸಲು ಬರುವುದಿಲ್ಲ. ಕಾಗದದ ಮೇಲೆ ಅದು ಇರಲೇ ಇಲ್ಲ.

ಈ ಮಧ್ಯೆ 2007ರಲ್ಲಿ ಕೇರಳದ ಇಬ್ಬರು ವಿಜ್ಞಾನಿಗಳು ಚಿನ್ನಾರ್ ಕಾಡಿನ ಪಾಂಬಾರ್ ಹೊಳೆಯಲ್ಲಿ ಸಿಕ್ಕ ಸಣ್ಣ ಮಹಶೀರ್‌ಗಳಿಗೆ ರೆಮಾದೇವಿ ಎಂದು ಹೆಸರಿಟ್ಟಿದ್ದರು. ಭಾರತೀಯ ಪ್ರಾಣಿ ಸರ್ವೇಕ್ಷಣಾಲಯದಲ್ಲಿ ಮೀನುಗಳ ಮೇಲೆ ಬಹಳ ಕೆಲಸ ಮಾಡಿದ ವಿಜ್ಞಾನಿ ರೆಮಾದೇವಿ ಅವರ ಗೌರವಕ್ಕೆ. ಪಾಂಬಾರ್ ಕೇರಳದಲ್ಲಿ ಹುಟ್ಟಿದರೂ ಪೂರ್ವಕ್ಕೆ ಹರಿದು ಅಮರಾವತಿ ಸೇರಿ ಕಾವೇರಿಗೆ ಬರುತ್ತದೆ. ಆ ಸಣ್ಣ ಮೀನಿಗೂ ಗಾಲಿಬೋರೆಯ ದೈತ್ಯನಿಗೂ ನಂಟು ಇದೆ ಅಂತ ಯಾರಿಗೂ ಹೊಳೆದಿರಲಿಲ್ಲ. ಬಂಡೀಪುರದ ಗಡಿಯಲ್ಲಿ ಹರಿಯುವ ಮೋಯಾರ್ ಹೊಳೆಯ ಕಂದರದಲ್ಲಿ ಗೂನು ಬೆನ್ನಿನ ಮೀನು ಸಿಕ್ಕಿ, ಅದರ ಮೈಕಟ್ಟು ಮತ್ತು ಡಿಎನ್‌ಎ ಎರಡನ್ನೂ ಹೋಲಿಸಿದಾಗ ಗೊತ್ತಾಯಿತು, ಎರಡೂ ಒಂದೇ ಅಂತ. 2018ರ ಜೂನ್‌ನಲ್ಲಿ ಅದು ಪ್ರಕಟವಾಯಿತು. ಅದೇ ವರ್ಷ ಅಂತರರಾಷ್ಟ್ರೀಯ ಕೆಂಪು ಪಟ್ಟಿಯಲ್ಲಿ "ಅತೀವ ಅಪಾಯದಲ್ಲಿದೆ" ಎಂಬ ಸಾಲಿಗೆ ಸೇರಿತು. ಅದೇ ಸಮಯಕ್ಕೆ ಖುದ್ರಿಯನ್ನು ಅಪಾಯದ ಪಟ್ಟಿಯಿಂದ ಕೆಳಗಿಳಿಸಿ "ಚಿಂತೆಯಿಲ್ಲ" ಎಂಬ ಸಾಲಿಗೆ ಹಾಕಿದರು.

ಕಲ್ಲುಹೊಳೆ:
ಡಿಎನ್‌ಎ ಹೋಲಿಸಿದ್ದು ನನಗೆ ಗೊತ್ತಿರಲಿಲ್ಲ. ಒಪ್ಪಿದೆ ಮೇಷ್ಟ್ರೇ. ವಯಸ್ಸಾದ್ದಕ್ಕೆ ಗೂನು ಅಂದ ನನ್ನ ಮಾತು ವಾಪಸ್.

ತುಂಗೆಯ ಮಗಳು:
ನನಗೆ ಒಂದು ಅರ್ಥ ಆಗುತ್ತಿಲ್ಲ. ಖುದ್ರಿ ಬಂದರೆ ಇದು ಯಾಕೆ ಹೋಗಬೇಕು? ಕಚ್ಚಾಡುತ್ತವಾ?

ನೀರುನಾಯಿ:
ಕಚ್ಚಾಟ ಅಲ್ಲ. ಒಂದೇ ಮಡು, ಒಂದೇ ಏಡಿ, ಮೊಟ್ಟೆ ಇಡಲು ಒಂದೇ ಕಲ್ಲುಹರಳಿನ ಜಾಗ. ಖುದ್ರಿಗೆ ಹಿನ್ನೀರಿನ ನಿಂತ ನೀರಲ್ಲೂ ಹೊಂದಿಕೊಂಡು ಬದುಕುವ ತಾಕತ್ತಿದೆ. ಬಿಳಿಮೀನಿಗೆ ಹರಿವ ನೀರೇ ಬೇಕು, ಆಮ್ಲಜನಕ ಜಾಸ್ತಿ ಇರುವ ಕಲ್ಲುಗುಂಡಿನ ಓಟ ಬೇಕು. ಜೊತೆಗೆ ಸಾವಿರಾರು ಮರಿಗಳನ್ನು ತಂದು ಸುರಿದರೆ ಲೆಕ್ಕ ಒಂದೇ ಕಡೆಗೆ ವಾಲುತ್ತದೆ. ಎರಡೂ ಬೆರೆತು ಅಡ್ಡತಳಿ ಆಗುವ ಭಯವೂ ಇದೆ.

ಆದರೆ ಖುದ್ರಿಯ ತಲೆಗೇ ಎಲ್ಲ ಕಟ್ಟಬೇಡಿ. ಮಳೆಗಾಲದಲ್ಲಿ ಹೊಳೆ ಏರಿದಾಗ ಈ ಮೀನು ಮೇಲಕ್ಕೆ ಹೋಗಿ, ಸಣ್ಣ ಹೊಳೆಗಳ ಹರಳುಗಲ್ಲಿನ ಮೇಲೆ ಮೊಟ್ಟೆ ಇಡುತ್ತದೆ. ಈಗ ಎಲ್ಲಿಗೆ ಹೋಗಬೇಕು ಹೇಳಿ? ಮೇಲೆ ಶಿವನಸಮುದ್ರದ ಜಲಪಾತ, ಅದು ಮೊದಲಿನಿಂದ ಇದ್ದ ಗೋಡೆ. ಅಲ್ಲಿ 1902ರಿಂದ ವಿದ್ಯುತ್ತಿಗೆ ನೀರು ತಿರುಗಿಸುತ್ತಿದ್ದೇವೆ. ಅದಕ್ಕೂ ಮೇಲೆ ಕನ್ನಂಬಾಡಿ. ಕೆಳಗೆ 1934ರಿಂದ ಮೆಟ್ಟೂರು. ಮಧ್ಯೆ ಉಳಿದ ತುಂಡು ಹೊಳೆಗೆ ಒಂದು ಕಡೆ ಶಿಂಷಾ ಬರುತ್ತದೆ, ಇನ್ನೊಂದು ಕಡೆ ಸಂಗಮದಲ್ಲಿ ಅರ್ಕಾವತಿ. ಅರ್ಕಾವತಿ ಹೊತ್ತು ತರುವುದು ಏನು ಅಂತ ಬೆಂಗಳೂರಿನವರಿಗೆ ನಾನು ಹೇಳಬೇಕಾಗಿಲ್ಲ. ಅಣೆಕಟ್ಟಿನ ಗೇಟು ಮೀನಿನ ಕಾಲ ನೋಡಿ ತೆರೆಯುವುದಿಲ್ಲ. ಇವತ್ತು ನೀರು ಏರಿತು ಅಂತ ದಡದ ಹರಳಿನಲ್ಲಿ ಮೊಟ್ಟೆ ಇಟ್ಟರೆ ಮೂರು ದಿನಕ್ಕೆ ಗೇಟು ಇಳಿಸುತ್ತಾರೆ, ಮೊಟ್ಟೆ ಬಿಸಿಲಿಗೆ ಒಣಗುತ್ತದೆ. ಇನ್ನು ಮರಳು ತೆಗೆಯುವವರು ಆ ಹರಳಿನ ಹಾಸಿಗೆಯನ್ನೇ ಲಾರಿಗೆ ತುಂಬುತ್ತಾರೆ.

ಬೆಂಗಳೂರು ನಲ್ಲಿ:
ಹಾಗಂತ ನಾವು ನೀರು ಕುಡಿಯಬಾರದಾ? ತೊರೆಕಾಡನಹಳ್ಳಿಯಿಂದ ನೀರು ಬರದಿದ್ದರೆ ಅರ್ಧ ಊರು ಬಾಯಾರಿ ಸಾಯುತ್ತದೆ. ಮೇಕೆದಾಟು ಆದರೆ ಒಳ್ಳೆಯದು ಅನ್ನುವವನು ನಾನು.

ನೀರುನಾಯಿ:
ಕುಡಿಯಬೇಡಿ ಅಂತ ಯಾರೂ ಹೇಳಲಿಲ್ಲ ಅಣ್ಣ. ನಾನೂ ಅದೇ ನೀರು ಕುಡಿಯುವವನು. ಆದರೆ ಮೇಕೆದಾಟಿನ ನೀರು ನಿಲ್ಲುವುದು ಎಲ್ಲಿ? ಇದೇ ಉಳಿದ ತುಂಡಿನಲ್ಲಿ. 1987ರಲ್ಲಿ ಅಭಯಾರಣ್ಯ ಅಂತ ಘೋಷಿಸಿದ ಕಾಡಿನಲ್ಲಿ. ಹರಿಯುವ ಹೊಳೆ ಕೆರೆ ಆದ ದಿನ ಬಿಳಿಮೀನಿನ ಲೆಕ್ಕ ಮುಗಿಯಿತು. ಅದನ್ನು ತಿಳಿದುಕೊಂಡು ಬೇಕು ಅನ್ನಿ, ಬೇಡ ಅನ್ನಿ. ತಿಳಿಯದೆ ಅನ್ನಬೇಡಿ.

ಬೆಂಗಳೂರು ನಲ್ಲಿ:
ಅಷ್ಟು ಜನಕ್ಕೆ ನೀರು ಬೇಕು ಅನ್ನುವುದೂ ಸುಳ್ಳಲ್ಲವಲ್ಲ. ಮೀನಿನ ವಿಷಯ ನನಗೆ ಗೊತ್ತಿರಲಿಲ್ಲ, ಅದು ನಿಜ. ಓದಿ ಮತ್ತೆ ಬರುತ್ತೇನೆ.

ಸಣ್ಣಪ್ರಶ್ನೆ:
ಬಿಳಿಮೀನಿನ ಮರಿಯನ್ನೇ ಮಾಡಿ ಬಿಡಬಹುದಲ್ಲ? ಕೊಡಗಿನ ಹಾರಂಗಿಯಲ್ಲಿ ಮಹಶೀರ್ ಮರಿ ಮಾಡುತ್ತಾರೆ ಅಂತ ಕೇಳಿದ್ದೆ.

ಮೇಷ್ಟ್ರು:
ಮಾಡಬಹುದು, ಆದರೆ ಮೊದಲು ತಾಯಿ ತಂದೆ ಮೀನು ಬೇಕು. ಇರುವ ಬೆರಳೆಣಿಕೆಯ ದೊಡ್ಡ ಮೀನನ್ನು ಹಿಡಿದು ತೊಟ್ಟಿಗೆ ಹಾಕಿ, ಅವು ಸತ್ತರೆ? ಎರಡೇ ಜೋಡಿಯಿಂದ ಹತ್ತು ಸಾವಿರ ಮರಿ ಮಾಡಿದರೆ ಎಲ್ಲವೂ ಒಡಹುಟ್ಟಿದವು, ಮುಂದೆ ತಳಿಯ ಬಲ ಕುಗ್ಗುತ್ತದೆ. ಯಾವ ಮರಿ ಯಾವುದು ಅಂತ ಪರೀಕ್ಷೆ ಮಾಡದೆ ಬಿಡುವ ತಪ್ಪನ್ನು ಒಮ್ಮೆ ಮಾಡಿ ಆಗಿದೆ. ನನ್ನ ಮಟ್ಟಿಗೆ ಮೊದಲ ಕೆಲಸ, ಕಾವೇರಿಯ ಯಾವ ಮೂಲೆಗೂ ಖುದ್ರಿ ಮರಿ ಬಿಡುವುದನ್ನು ನಿಲ್ಲಿಸುವುದು. ಎರಡನೆಯದು ಮೋಯಾರ್ ಹೊಳೆಯನ್ನು ಕಣ್ಣಿನ ಹಾಗೆ ಕಾಯುವುದು. ಮರಿ ಮಾಡುವುದು ಅದಾದ ಮೇಲೆ.

ಅರಕಲಗೂಡು ಅಕ್ಕ:
ನಿನ್ನೆ ಭಾನುವಾರ ಮಕ್ಕಳನ್ನು ಕರೆದುಕೊಂಡು ರಾಮನಾಥಪುರಕ್ಕೆ ಹೋಗಿ ಬಂದೆ. ಪುರಿ ಒಯ್ಯಲಿಲ್ಲ. ಒಂದು ಗಂಟೆ ಮೆಟ್ಟಿಲ ಮೇಲೆ ಕೂತು ನೋಡಿದೆವು. ನೀಲಿ ರೆಕ್ಕೆಯವು ಬೇಕಾದಷ್ಟು. ಬೇರೆ ಬಗೆಯ ಅಗಲ ಮೈಯ ಮೀನೂ ಇದ್ದವು, ತುದಿ ಸ್ವಲ್ಪ ಗುಲಾಬಿ. ಗೂನು ಬೆನ್ನು ಒಂದೂ ಕಾಣಲಿಲ್ಲ.

ಮೇಷ್ಟ್ರು:
ಅಗಲ ಮೈಯದು ಬಹುಶಃ ಕರ್ನಾಟಿಕ್ ಕಾರ್ಪ್ ಇರಬೇಕು ಅಕ್ಕ, ನಮ್ಮ ರಾಜ್ಯದ ಮೀನು ಅದೇ. ನೋಡಿ ಬಂದು ಬರೆದಿದ್ದಕ್ಕೆ ತುಂಬಾ ಖುಷಿಯಾಯಿತು. ಇನ್ನು ಮುಂದೆ ಯಾರಿಗಾದರೂ ಕಂಡರೆ ಪಕ್ಕದಿಂದ ಒಂದು ಫೋಟೋ ತೆಗೆಯಿರಿ, ತಲೆ ಮತ್ತು ಬೆನ್ನು ಸೇರುವ ಜಾಗ, ತುಟಿ, ಬಾಲ ಮೂರೂ ಕಾಣಬೇಕು. ಆದರೆ ಜಾಗದ ಹೆಸರನ್ನು ಇಲ್ಲಿ ಬಹಿರಂಗವಾಗಿ ಹಾಕಬೇಡಿ. ತೋಟೆಯವರೂ ಓದುತ್ತಾರೆ.

ಮುತ್ತತ್ತಿ ಮೊಮ್ಮಗ:
ಎಲ್ಲರಿಗೂ ವಂದನೆ. ಇಷ್ಟು ಜನ ಬರೆಯುತ್ತೀರಿ ಅಂದುಕೊಂಡಿರಲಿಲ್ಲ.

ನಿನ್ನೆ ಊರಿಗೆ ಹೋಗಿದ್ದೆ. ತಾತನಿಗೆ ಈಗ ಕಣ್ಣು ಸರಿಯಾಗಿ ಕಾಣುವುದಿಲ್ಲ, ಕಿವಿ ಚೆನ್ನಾಗಿದೆ. ನೀಲಿ ರೆಕ್ಕೆಯ ಮೀನಿನ ಫೋಟೋ ಬಗ್ಗೆ ಹೇಳಿ, ಇದನ್ನು ನೀವು ಏನು ಅಂತ ಕರೆಯುತ್ತಿದ್ದಿರಿ ಅಂದೆ. ಅವರು ಸ್ವಲ್ಪ ಹೊತ್ತು ಯೋಚನೆ ಮಾಡಿ, "ಅದಕ್ಕೆ ನಮ್ಮಲ್ಲಿ ಹೆಸರಿಲ್ಲ ಕಣಪ್ಪ, ಅದು ಆಮೇಲೆ ಬಂದಿದ್ದು" ಅಂದರು. ನಾನು ಇಲ್ಲಿ ನಡೆದ ಚರ್ಚೆ ಏನೂ ಹೇಳಿರಲಿಲ್ಲ. ಆಮೇಲೆ ಬಿಳಿಮೀನಿನ ಹುರುಪೆ ಮನೆಯಲ್ಲಿ ಒಂದು ಇತ್ತು, ನಿಮ್ಮಜ್ಜಿ ಕುಂಕುಮ ಕಲಸಲು ಇಟ್ಟುಕೊಂಡಿದ್ದಳು ಅಂತ ನೆನಪು ಮಾಡಿಕೊಂಡರು. ಅಂಗೈಯಷ್ಟು ಅಗಲ ಇತ್ತಂತೆ. ಅಟ್ಟದ ಮೇಲಿನ ಹಳೆಯ ಪೆಟ್ಟಿಗೆಯಲ್ಲಿ ಇರಬಹುದು ಅಂದರು.

ಮೇಷ್ಟ್ರೇ, ಸಿಕ್ಕರೆ ಅದರಿಂದ ಡಿಎನ್‌ಎ ತೆಗೆಯಲು ಬರುತ್ತದಾ?

ಮೇಷ್ಟ್ರು:
ಒಣ ಹುರುಪೆಯಿಂದ ತೆಗೆದದ್ದಿದೆ. ಕುಂಕುಮ ತೊಳೆಯಬೇಡಿ, ನೀರು ತಾಗಿಸಬೇಡಿ. ಹಾಗೇ ಕಾಗದದ ಲಕೋಟೆಯಲ್ಲಿ ಹಾಕಿಡಿ, ಪ್ಲಾಸ್ಟಿಕ್ ಬೇಡ. ಮೊದಲು ಅಟ್ಟ ಹತ್ತಿ ನೋಡಿ.